ಮಾತಿಲ್ಲದ ಶ್ವೆಯ್ಕ್: ಜೆಕ್ ನಟ ಕಾರೆಲ್ ನೊಲ್

ಯೂರೋಪ್ ಖಂಡದ ಭೂಪಟವನ್ನು ತರಗತಿಯ ಗೋಡೆಗೆ ತೂಗುಹಾಕಿ ಮಕ್ಕಳಿಗೆ ದೇಶಗಳ ಹೆಸರು ಹೇಳಿಕೊಡುವಾಗ ನಮ್ಮ ಕೋಲು ಇಂಗ್ಲೆಂಡು, ಫ್ರಾನ್ಸು, ಜರ್ಮನಿಗಳ ಮೇಲೆ ನಿಲ್ಲುವಷ್ಟು ಹೊತ್ತು ಆ ಖಂಡದ ನಟ್ಟನಡುವಿನ ಪುಟ್ಟ ನಾಡೊಂದರ ಮೇಲೆ ನಿಲ್ಲುವುದಿಲ್ಲ. ಬೊಹೀಮಿಯ, ಮೊರಾವಿಯ ಎಂಬ ಹಳೆಯ ಹೆಸರುಗಳುಳ್ಳ ಆ ಜೆಕ್ ನಾಡು ೧೫೨೬ರಿಂದ ೧೯೧೮ರವರೆಗೆ ಹ್ಯಾಬ್ಸ್‌ಬರ್ಗ್ ವಂಶದ ಅರಸರ ಆಳ್ವಿಕೆಯಲ್ಲಿತ್ತು. ೧೯೧೮ರಲ್ಲಿ ಸ್ಲೊವಾಕ್ ಜನರೊಡನೆ ಕೂಡಿ ಜೆಕೊಸ್ಲೊವಾಕಿಯ ಎಂಬ ಗಣರಾಜ್ಯವಾಯಿತು. ೧೯೯೩ರಿಂದ ತಾನೇ ಒಂದು ಪ್ರತ್ಯೇಕ ರಾಜ್ಯವಾಗಿದೆ. ಆ ನಾಡಿನ ಮೂಕಚಿತ್ರಗಳ ಕಾಲದಲ್ಲಿ ಬದುಕಿದ್ದ ಒಬ್ಬ ನಟನ ವೃತ್ತಾಂತವನ್ನು ಇಲ್ಲಿ ಬರೆಯಹೊರಟಿದ್ದೇನೆ. ಅವನ ಹೆಸರು ಕಾರೆಲ್ ನೊಲ್. ಅವನು ಸುಂದರಾಂಗನಲ್ಲ, ಕಥಾನಾಯಕಿಯ ಕೈಹಿಡಿಯುವ ನಾಯಕನಲ್ಲ. ಬಡಗುಮಾಸ್ತೆ, ಮನೆಯಾಳು, ಕುಡುಕ, ನೆರೆಮನೆಯ ಮುದುಕ ಮುಂತಾದ ವೇಷಗಳಿಂದ ಹೊಟ್ಟೆ ಹೊರೆಯುವ ನಟರ ಸಾಲಿನವನು. ನಾಟಕ ಕಂಪನಿಗಳ ಪ್ರಕಟಣಪತ್ರದಲ್ಲಿ ಇಂಥವರ ಹೆಸರು ಕೆಳಗಿನ ಸಾಲಿನಲ್ಲಿ, ಸಣ್ಣ ಅಕ್ಷರದಲ್ಲಿ ಇರುತ್ತದೆ. ಆದರೂ ಒಂದೇ ಒಂದು ಪಾತ್ರದಿಂದ ಅವನು ತನ್ನ ಜನರ ಮನಸ್ಸಿನಲ್ಲಿ ಕೆಲಕಾಲ ನಾಯಕರಿಗಿಂತ ಎತ್ತರದ ಸ್ಥಾನವನ್ನು ಪಡೆದನು.

ಅವನು ಹುಟ್ಟಿದ್ದು ೧೮೮೦ರಲ್ಲಿ, ಪ್ರಾಗ್ ನಗರದಲ್ಲಿ. ಆ ಕಾಲವನ್ನು ತಿಳಿಯದೆ ಅವನ ಕೆಲಸದ ಬೆಲೆ ತಿಳಿಯುವುದಿಲ್ಲವಾದುದರಿಂದ ಎರಡು ಮಾತು. ಹದಿನೆಂಟನೆಯ ಶತಮಾನದ ಕೊನೆಗೆ ಜೆಕ್ ಭಾಷೆ ರೈತರ, ಆಳುಗಳ, ಅಡುಗೆಮನೆಯ ಭಾಷೆಯಾಗಿ ಉಳಿದಿತ್ತು. ಕಚೇರಿ, ವಿದ್ಯಾಪೀಠ, ವ್ಯಾಪಾರ, ಸೈನ್ಯ ಇವೆಲ್ಲವೂ ಜರ್ಮನ್ ಭಾಷೆಯವು. ಹತ್ತೊಂಬತ್ತನೆಯ ಶತಮಾನದಲ್ಲಿ ಕೆಲವರು ವಿದ್ವಾಂಸರು ಈ ಭಾಷೆಯನ್ನು ಮತ್ತೆ ಎತ್ತಿ ನಿಲ್ಲಿಸಿದರು. ಯೊಸೆಫ್ ಯುಂಗ್‌ಮನ್ ಎಂಬವನು ಐದು ಸಂಪುಟಗಳ ನಿಘಂಟನ್ನು ರಚಿಸಿದನು. ಫ್ರಾಂತಿಶೆಕ್ ಪಲಾತ್ಸ್ಕಿ ತನ್ನ ಜನರ ಚರಿತ್ರೆಯನ್ನು ಮೊದಲು ಜರ್ಮನ್ ಭಾಷೆಯಲ್ಲಿ ಬರೆಯಲು ಆರಂಭಿಸಿ, ಬಳಿಕ ಜೆಕ್ ಭಾಷೆಯಲ್ಲಿ ಬರೆದನು. ತಮ್ಮ ಭಾಷೆಯ ನಾಟಕಗಳಿಗೆ ತಮ್ಮದೇ ಆದ ರಂಗಮಂದಿರವಿರಬೇಕೆಂದು ಜನರು ಊರೂರುಗಳಿಂದ ಕಾಸು ಕೂಡಿಸಿ ಪ್ರಾಗಿನ ನದೀತೀರದಲ್ಲಿ ರಾಷ್ಟ್ರೀಯ ನಾಟಕಶಾಲೆಯನ್ನು ಕಟ್ಟಿಸಿದರು. ೧೮೮೧ರಲ್ಲಿ ಬಾಗಿಲು ತೆರೆದ ಆ ಮಂದಿರ ಅದೇ ವರ್ಷ ಬೆಂಕಿಗೆ ಆಹುತಿಯಾಯಿತು. ಜನ ಮತ್ತೆ ಹಣ ಕೂಡಿಸಿದರು. ೧೮೮೩ರಲ್ಲಿ ಮಂದಿರ ಮತ್ತೆ ಎದ್ದು ನಿಂತಿತು. ನೊಲ್ ಆಗ ಮೂರು ವರ್ಷದ ಮಗು. ಅಷ್ಟೊಂದು ಭಕ್ತಿಯಿಂದ ಕಟ್ಟಿದ ಆ ಗುಡಿಯೊಳಗೆ ಗಂಭೀರ ನಾಟಕಗಳೂ ಸಂಗೀತ ನಾಟಕಗಳೂ ನಡೆಯುತ್ತಿದ್ದುವು. ಬೀದಿಯ ಭಾಷೆ, ಹೆಂಡದಂಗಡಿಯ ನಗು ಮಾತ್ರ ಹೊರಗೇ ಉಳಿದುವು. ಅವಕ್ಕೆ ಬೇರೆ ನೆಲೆ ಬೇಕಾಗಿತ್ತು.

ಆ ನೆಲೆ ಕ್ಯಾಬರೆ. ಈ ಶಬ್ದ ನಮ್ಮಲ್ಲಿ ಬೇರೊಂದು ಅರ್ಥದಿಂದ ಕೆಟ್ಟಿದೆ. ಪ್ರಾಗಿನ ಕ್ಯಾಬರೆ ಅಂಥದಲ್ಲ. ಊಟದ ಮನೆಯ ಹಿಂದಿನ ಕೋಣೆ, ನೆಲಮಾಳಿಗೆ, ಇಲ್ಲವೇ ಸಣ್ಣ ಸಭಾಂಗಣ, ಹತ್ತಿಪ್ಪತ್ತು ಮೇಜುಗಳು, ಒಂದು ಮೂಲೆಯಲ್ಲಿ ಹಲಗೆಯ ವೇದಿಕೆ, ಒಂದು ಪಿಯಾನೊ. ಅಲ್ಲಿ ಒಬ್ಬನು ದಿನದ ಸುದ್ದಿಯ ಮೇಲೆ ಪದ ಕಟ್ಟಿ ಹಾಡುವನು, ಇನ್ನೊಬ್ಬನು ಪೋಲೀಸರನ್ನೋ ಮಂತ್ರಿಗಳನ್ನೋ ಅಣಕಿಸುವನು, ಮೂವರು ಸೇರಿ ಹತ್ತು ನಿಮಿಷದ ಪ್ರಹಸನವಾಡುವರು. ಪ್ರೇಕ್ಷಕರು ಕೈಗೆಟುಕುವಷ್ಟು ಹತ್ತಿರ ಕುಳಿತಿರುವುದರಿಂದ ನಟನಿಗೆ ಕೂಗಾಟ ಬೇಕಿಲ್ಲ. ಹುಬ್ಬು ಮೇಲೇರಿದರೆ ಸಾಕು, ಹಿಂದಿನ ಮೇಜಿನವನಿಗೂ ಕಾಣುತ್ತದೆ. ಈ ಮಾತನ್ನು ವಾಚಕರು ನೆನಪಿನಲ್ಲಿಡಬೇಕು. ದೊಡ್ಡ ರಂಗಮಂದಿರದಲ್ಲಿ ಕಲಿತವರು ಕ್ಯಾಮರದ ಮುಂದೆ ಬಂದಾಗ ಕೈಕಾಲು ಬೀಸಿ ಕೆಟ್ಟರು. ಕ್ಯಾಬರೆಯವರು ಮುಖವನ್ನು ಬಳಸಲು ಅರಿತಿದ್ದುದರಿಂದ ಉಳಿದರು. ಇದು ಜೆಕ್ ದೇಶಕ್ಕೆ ಮಾತ್ರ ಸಲ್ಲುವ ಸಂಗತಿಯಲ್ಲವಾದರೂ ಅಲ್ಲಿ ಎದ್ದು ಕಾಣುತ್ತದೆ.

ಜೆಕ್ ಚಲಚ್ಚಿತ್ರದ ಮೊದಲ ನಟನೇ ಇಂಥವನೆಂಬುದು ಗಮನಾರ್ಹ. ಫ್ರಾನ್ಸಿನ ಲ್ಯೂಮಿಯೇರ್ ಸೋದರರ ಯಂತ್ರ ೧೮೯೬ರಲ್ಲಿ ದೇಶದೇಶಗಳನ್ನು ಸುತ್ತುತ್ತಿತ್ತು. ಅದೇ ವರ್ಷ ಜುಲೈ ೭ರಂದು ಅದು ಮುಂಬಯಿಯಲ್ಲಿಯೂ ಪ್ರದರ್ಶನ ನೀಡಿತೆಂಬುದನ್ನು ಹಲವರು ಬಲ್ಲರು. ಎರಡು ವರ್ಷಗಳ ಬಳಿಕ ಯಾನ್ ಕ್ರಿಝೆನೆತ್ಸ್ಕಿ ಎಂಬ ಪ್ರಾಗಿನ ಛಾಯಾಗ್ರಾಹಕನು ಆ ಯಂತ್ರವೊಂದನ್ನು ಕೊಂಡು ತಂದನು. ಚಿತ್ರ ಹಿಡಿಯುವುದು, ಪ್ರತಿ ತೆಗೆಯುವುದು, ತೆರೆಯ ಮೇಲೆ ತೋರಿಸುವುದು ಈ ಮೂರು ಕೆಲಸಗಳನ್ನೂ ಆ ಒಂದೇ ಮರದ ಪೆಟ್ಟಿಗೆ ಮಾಡುತ್ತಿತ್ತು. ಸುಮಾರು ಹದಿನೇಳು ಮೀಟರ್ ಉದ್ದದ ಸುರುಳಿ. ಕೈಯಿಂದ ಹಿಡಿಕೆ ತಿರುಗಿಸಿದರೆ ಒಂದು ನಿಮಿಷದೊಳಗೆ ಮುಗಿಯುವುದು. ೧೮೯೮ರಲ್ಲಿ ಪ್ರಾಗಿನಲ್ಲಿ ನಡೆದ ವಾಸ್ತುಶಿಲ್ಪ ಮತ್ತು ಯಂತ್ರಶಿಲ್ಪ ಪ್ರದರ್ಶನದಲ್ಲಿ ಅವನು ತನ್ನ ಚಿತ್ರಗಳನ್ನು ತೋರಿಸಿದನು. ಅಗ್ನಿಶಾಮಕರು, ಈಜುಕೊಳ, ಮೆರವಣಿಗೆ ಮುಂತಾದ ನಿಜದೃಶ್ಯಗಳ ಜೊತೆಗೆ ಮೂರು ಸಣ್ಣ ಕಟ್ಟುಕಥೆಗಳೂ ಇದ್ದುವು. ಅವುಗಳಲ್ಲಿ ನಟಿಸಿದವನು ಯೊಸೆಫ್ ಶ್ವಾಬ್. ಪದ ಕಟ್ಟಿ ಹಾಡುವ ವಿನೋದಗಾರ, ಪುಸ್ತಕದಂಗಡಿಯ ಯಜಮಾನ. ತಾನು ಹುಟ್ಟಿದ ಮಾಲಾ ಸ್ತ್ರಾನಾ ಪೇಟೆಯ ಹೆಸರನ್ನು ತನ್ನ ಹೆಸರಿಗೆ ಸೇರಿಸಿಕೊಂಡು ಮಾಲೊಸ್ತ್ರಾನ್ಸ್ಕಿ ಎನಿಸಿಕೊಂಡವನು. 'ನಗು ಮತ್ತು ಅಳು' ಎಂಬ ಚಿತ್ರದಲ್ಲಿ ಅವನ ಮುಖವಲ್ಲದೆ ಬೇರೇನೂ ಕಥೆಯಿಲ್ಲ. ಆ ಮುಖ ನಗುತ್ತದೆ; ಬಳಿಕ ಅಳುತ್ತದೆ; ಅಷ್ಟೆ. ಜೆಕ್ ಚಲಚ್ಚಿತ್ರದ ವಂಶಾವಳಿ ಹೀಗೆ ಒಂದು ವಿದೂಷಕನ ಮುಖದಿಂದ ಆರಂಭವಾಗುತ್ತದೆ.

ಮುಂದಿನ ವರ್ಷಗಳನ್ನು ಬೇಗನೆ ದಾಟಬಹುದು. ೧೯೦೭ರಲ್ಲಿ ವಿಕ್ತೊರ್ ಪೊನ್ರೆಪೊ ಎಂಬ ಇಂದ್ರಜಾಲಗಾರನು ಪ್ರಾಗಿನಲ್ಲಿ ಮೊದಲ ಕಾಯಂ ಚಿತ್ರಮಂದಿರವನ್ನು ತೆರೆದನು. ೧೯೧೧ರಲ್ಲಿ ಎಮಿಲ್ ಆರ್ತುರ್ ಲೊಂಗೆನ್ ಎಂಬ ಚಿತ್ರಕಾರ-ನಟನು 'ರೂಡಿ' ಎಂಬ ವಿನೋದಪಾತ್ರವನ್ನು ಸೃಷ್ಟಿಸಿ ಕೆಲವು ಕಿರುಚಿತ್ರಗಳಲ್ಲಿ ಆಡಿದನು. ಆಮೇಲೆ ಮೊದಲ ಮಹಾಯುದ್ಧ ಬಂದಿತು. ಈ ಲೊಂಗೆನನೇ ನಮ್ಮ ಕಥೆಯಲ್ಲಿ ಮತ್ತೆ ಬರುವವನು.

ಆ ಯುದ್ಧದಿಂದ ಹಿಂದಿರುಗಿ ಬಂದವರಲ್ಲಿ ಯಾರೊಸ್ಲಾವ್ ಹಾಶೆಕ್ ಒಬ್ಬನು. ೧೮೮೩ರಲ್ಲಿ ಹುಟ್ಟಿದ ಇವನು ಪತ್ರಿಕೆಗಳಿಗೆ ವಿನೋದ ಕಥೆ ಬರೆದು ಜೀವಿಸುತ್ತಿದ್ದ ಅಲೆಮಾರಿ. ೧೯೧೧ರ ಚುನಾವಣೆಯಲ್ಲಿ 'ಕಾಯಿದೆಯ ಮಿತಿಯೊಳಗೆ ಮಿತವಾದ ಪ್ರಗತಿಯ ಪಕ್ಷ' ಎಂಬ ಅಣಕು ಪಕ್ಷವನ್ನೇ ಕಟ್ಟಿ ಹೆಂಡದಂಗಡಿಯಲ್ಲಿ ಭಾಷಣ ಬಿಗಿದಿದ್ದನು. ಅದೇ ವರ್ಷ 'ಒಳ್ಳೆಯ ಸಿಪಾಯಿ ಶ್ವೆಯ್ಕ್' ಎಂಬ ಪಾತ್ರವನ್ನು ಮೊದಲಬಾರಿಗೆ ಕೆಲವು ಕಥೆಗಳಲ್ಲಿ ತಂದನು. ಯುದ್ಧದಲ್ಲಿ ಆಸ್ಟ್ರಿಯದ ಸೈನಿಕನಾಗಿ ಹೋಗಿ ೧೯೧೫ರಲ್ಲಿ ರಷ್ಯನರ ಕೈಗೆ ಸೆರೆಸಿಕ್ಕಿ, ಜೆಕ್ ಸ್ವಯಂಸೇವಕ ಪಡೆಯನ್ನು ಸೇರಿ, ಅದನ್ನೂ ಬಿಟ್ಟು ಕೆಂಪು ಸೇನೆಯನ್ನು ಸೇರಿ, ೧೯೨೦ರ ಕೊನೆಯಲ್ಲಿ ಪ್ರಾಗಿಗೆ ಮರಳಿದನು. ೧೯೨೧ರಿಂದ ಶ್ವೆಯ್ಕನ ದೊಡ್ಡ ಕಾದಂಬರಿಯನ್ನು ಬರೆಯತೊಡಗಿ, ಅದನ್ನು ತೆಳುವಾದ ಬಿಡಿ ಭಾಗಗಳಾಗಿ ಅಚ್ಚುಹಾಕಿಸಿ ಮಾರಲಾಯಿತು. ಮುಗಿಸುವ ಮೊದಲೇ, ೧೯೨೩ರ ಜನವರಿ ೩ರಂದು, ತನ್ನ ನಲವತ್ತನೆಯ ವಯಸ್ಸು ತುಂಬುವ ಮುನ್ನ, ಲಿಪ್ನಿತ್ಸೆ ಎಂಬ ಹಳ್ಳಿಯಲ್ಲಿ ತೀರಿಕೊಂಡನು.

ಶ್ವೆಯ್ಕನೆಂದರೆ ಯಾರು? ಪ್ರಾಗಿನಲ್ಲಿ ನಾಯಿಗಳನ್ನು ಮಾರಿ ಬದುಕುವವನು. ಜಾತಿನಾಯಿಯೆಂದು ಹೇಳಿ ಬೀದಿನಾಯಿಯನ್ನು ಮಾರುವವನು. ಸೈನ್ಯದ ವೈದ್ಯರ ಮಂಡಲಿಯೇ ಅವನನ್ನು ಬುದ್ಧಿಮಾಂದ್ಯನೆಂದು ಬರೆದುಕೊಟ್ಟಿದೆ. ಆ ಸಂಗತಿಯನ್ನು ಅವನು ಮುಚ್ಚಿಡುವುದೂ ಇಲ್ಲ. ಯುದ್ಧ ಬಂದಾಗ ಸಂಧಿವಾತದಿಂದ ಕಾಲು ಬಾರದಿದ್ದರೂ ಗಾಲಿಕುರ್ಚಿಯ ಮೇಲೆ ಕುಳಿತು, ಊರುಗೋಲು ಬೀಸುತ್ತ, ಶತ್ರುವಿನ ರಾಜಧಾನಿಗೆ ದಂಡೆತ್ತಿ ಹೋಗೋಣವೆಂದು ಕೂಗುತ್ತ ಪ್ರಾಗಿನ ಬೀದಿಯಲ್ಲಿ ಹೋಗುತ್ತಾನೆ. ಇದು ರಾಜಭಕ್ತಿಯೋ ಅಣಕವೋ ಯಾರಿಗೂ ತಿಳಿಯದು. ಮೇಲಧಿಕಾರಿ ಗದರಿದರೆ, 'ವಿನಯದಿಂದ ಅರಿಕೆ ಮಾಡಿಕೊಳ್ಳುತ್ತೇನೆ' ಎಂಬ ಸೈನ್ಯದ ವಾಡಿಕೆಯ ಮಾತಿನಿಂದ ಆರಂಭಿಸಿ, ಯಾವುದೋ ಊರಿನ ಯಾವನೋ ಕಟುಕನ ಕಥೆಯನ್ನು ಕೊನೆಮೊದಲಿಲ್ಲದೆ ಹೇಳುತ್ತಾನೆ. ಆಜ್ಞೆಯನ್ನು ಅವನು ಎಂದೂ ಮೀರುವುದಿಲ್ಲ, ಅಕ್ಷರಶಃ ಪಾಲಿಸುತ್ತಾನೆ, ಅಕ್ಷರಶಃ ಪಾಲಿಸಿದಾಗಲೇ ಆಜ್ಞೆಯ ಹುಚ್ಚುತನ ಬಯಲಿಗೆ ಬೀಳುತ್ತದೆ. ಆಸ್ಟ್ರಿಯದ ಸೈನ್ಯದಲ್ಲಿ ಹತ್ತಾರು ಭಾಷೆಗಳ ಜನರಿದ್ದರೂ ಆಜ್ಞೆಯ ಭಾಷೆ ಜರ್ಮನ್ ಒಂದೇ. ಸುಮಾರು ಎಂಬತ್ತು ಆಜ್ಞಾಪದಗಳನ್ನು ಪ್ರತಿಯೊಬ್ಬ ಸಿಪಾಯಿಯೂ ಬಾಯಿಪಾಠ ಮಾಡಬೇಕಾಗಿತ್ತು. ತನ್ನದಲ್ಲದ ಭಾಷೆಯಲ್ಲಿ ಬಂದ ಅಪ್ಪಣೆಗೆ ತಲೆಬಾಗಿ, ತನ್ನ ಭಾಷೆಯಲ್ಲಿ ಗಂಟೆಗಟ್ಟಲೆ ಹರಟುವುದು ಶ್ವೆಯ್ಕನ ರೀತಿ. ಕಚೇರಿಯ ಕಾಗದ ಅರ್ಥವಾಗದೆ ಕೈಕಟ್ಟಿ ನಿಂತವರ ಮಕ್ಕಳಿಗೆ ಪಾಠ ಹೇಳುವ ನಮಗೆ ಈ ನಗುವಿನ ಮೂಲ ಯಾವುದೆಂದು ವಿವರಿಸಬೇಕಾಗಿಲ್ಲ.

ಇನ್ನು ನೊಲ್. ಲೊಂಗೆನನು ೧೯೨೦ರ ಸುಮಾರಿಗೆ ಪ್ರಾಗಿನಲ್ಲಿ 'ಕ್ರಾಂತಿ ರಂಗ' ಎಂಬ ಸಣ್ಣ ನಾಟಕಮಂಡಲಿಯನ್ನು ನಡೆಸುತ್ತಿದ್ದನು. ೧೯೨೧ರಲ್ಲಿ, ಕಾದಂಬರಿಯ ಬಿಡಿ ಭಾಗಗಳು ಇನ್ನೂ ಹೊರಬರುತ್ತಿರುವಾಗಲೇ, ಅದನ್ನು ನಾಟಕವಾಗಿ ರೂಪಿಸಿ ಆಡಿಸಿದನು. ಶ್ವೆಯ್ಕನ ಪಾತ್ರವನ್ನು ನೊಲ್ಲನಿಗೆ ಕೊಟ್ಟನು. ಇಲ್ಲೊಂದು ಸೂಕ್ಷ್ಮವನ್ನು ಗಮನಿಸಬೇಕು. ಇಂದು ಜಗತ್ತಿನಲ್ಲೆಲ್ಲ ಶ್ವೆಯ್ಕನೆಂದೊಡನೆ ಕಣ್ಣಿಗೆ ಬರುವುದು ಯೊಸೆಫ್ ಲಾದಾ ಬರೆದ ಚಿತ್ರ: ಗುಂಡುಮುಖ, ಮೊಂಡುಮೂಗು, ಬೆಳೆದ ಗಡ್ಡದ ಕುರುಚಲು, ತಲೆಗೊಂದು ಸಿಪಾಯಿ ಟೋಪಿ. ಆದರೆ ಲಾದಾ ಆ ನೂರಾರು ಚಿತ್ರಗಳನ್ನು ಬರೆದದ್ದು ಹಾಶೆಕನ ಮರಣದ ಬಳಿಕ, ಪತ್ರಿಕೆಯೊಂದರ ವಾರದ ಪುರವಣಿಗಾಗಿ. ಮೊದಲ ಆವೃತ್ತಿಯ ಮುಖಪುಟದಲ್ಲಿ ಗುಂಡುಗಳ ನಡುವೆ ನಿಶ್ಚಿಂತನಾಗಿ ಚುಂಗಾಣಿ ಹೊತ್ತಿಸುತ್ತಿರುವ ಸಿಪಾಯಿಯನ್ನು ಅವನೇ ಬರೆದಿದ್ದರೂ ಆ ರೂಪ ಬೇರೆ. ಹಾಶೆಕನಂತೂ ತನ್ನ ನಾಯಕನ ಕಣ್ಣುಗಳ ಮುಗ್ಧತೆಯನ್ನೂ ಮುಖದ ಪ್ರಸನ್ನತೆಯನ್ನೂ ಮತ್ತೆ ಮತ್ತೆ ಹೇಳುತ್ತಾನೆಯೇ ಹೊರತು ಅವನ ಎತ್ತರವೆಷ್ಟು, ಮೈಕಟ್ಟೆಂಥದು ಎಂಬುದನ್ನು ಹೇಳುವ ಗೋಜಿಗೆ ಹೋಗುವುದಿಲ್ಲ. ಆದಕಾರಣ ಪ್ರಾಗಿನ ಜನ ಶ್ವೆಯ್ಕನನ್ನು ನಡೆದಾಡುವ ಮನುಷ್ಯನಾಗಿ ಮೊದಲು ಕಂಡದ್ದು ನೊಲ್ಲನ ದೇಹದಲ್ಲಿ. ಪುಸ್ತಕ ಓದಿದವನಿಗೂ ಓದದವನಿಗೂ ಶ್ವೆಯ್ಕನೆಂದರೆ ಆ ನಟನೇ ಆದನು.

ಹೀಗೆ ಒಬ್ಬ ಸಾಮಾನ್ಯ ನಟನಿಗೆ ನಲವತ್ತೊಂದನೆಯ ವಯಸ್ಸಿನಲ್ಲಿ ಅದೃಷ್ಟ ತೆರೆಯಿತು. ನಾಯಕಪಾತ್ರಧಾರಿಗೆ ಆ ವಯಸ್ಸು ಇಳಿಗಾಲ; ಪೋಷಕನಟನಿಗೆ ಅದೇ ಹಣ್ಣಾಗುವ ಕಾಲ. ಮುಖದ ಮೇಲೆ ಬದುಕು ನಾಲ್ಕು ಗೆರೆ ಎಳೆಯದೆ ಇಂಥ ಪಾತ್ರ ಬರುವುದಿಲ್ಲ. ಬಳಿಕ ನೊಲ್ಲನು ಮೂಕಚಿತ್ರಗಳಲ್ಲಿ ಅನೇಕ ಸಣ್ಣಪುಟ್ಟ ವೇಷಗಳನ್ನು ಧರಿಸಿದನು. ಆ ಕಾಲದ ಪ್ರಾಗ್ ನಟನ ಜೀವನ ಒಂದು ರೀತಿಯ ದುಡಿಮೆಯೇ ಸರಿ: ಹಗಲು ಚಿತ್ರಶಾಲೆ, ರಾತ್ರಿ ರಂಗ. ೧೯೨೧ರಲ್ಲಿ ವಿನೊಹ್ರಾದಿ ಎಂಬ ಬಡಾವಣೆಯಲ್ಲಿ ಒಂದು ಚಿತ್ರಶಾಲೆ ತೆರೆದಿದ್ದರೂ ಜೆಕ್ ಭಾಷೆಯ ಮಾರುಕಟ್ಟೆ ಚಿಕ್ಕದು, ಹಣ ಕಡಿಮೆ. ಚಿತ್ರಗಳನ್ನು ಅವಸರದಿಂದ ತೆಗೆಯುತ್ತಿದ್ದರು. ಆಗಿನ ಫಿಲ್ಮು ಕೆಂಪುಬಣ್ಣವನ್ನು ಗ್ರಹಿಸದು. ತುಟಿಯೂ ಕೆನ್ನೆಯೂ ತೆರೆಯ ಮೇಲೆ ಕಪ್ಪಾಗಿ ಕಾಣುವುವು. ನೀಲಿಕಣ್ಣು ಬೆಳ್ಳಗೆ ಗಾಜಿನಂತೆ ಕಾಣುವುದು. ಆದ್ದರಿಂದ ನಟರು ಮುಖಕ್ಕೆ ದಪ್ಪನಾಗಿ ಬಣ್ಣ ಬಳಿದುಕೊಂಡು ಪ್ರಖರ ದೀಪಗಳ ಮುಂದೆ ಬೆವರಬೇಕಾಗಿತ್ತು.

೧೯೨೬ರಲ್ಲಿ ಕಾರೆಲ್ ಲಮಾಚ್ ಎಂಬ ತರುಣ ನಿರ್ದೇಶಕನು 'ಒಳ್ಳೆಯ ಸಿಪಾಯಿ ಶ್ವೆಯ್ಕ್' ಕಥೆಯನ್ನು ಚಲಚ್ಚಿತ್ರವಾಗಿಸಲು ಕೈಹಾಕಿದನು. ಶ್ವೆಯ್ಕನ ಪಾತ್ರಕ್ಕೆ ಯಾರೆಂಬ ಪ್ರಶ್ನೆ ಏಳುವ ಸಂಭವವೇ ಇರಲಿಲ್ಲ. ಎದ್ದ ಪ್ರಶ್ನೆ ಬೇರೆ. ಶ್ವೆಯ್ಕನ ಸತ್ವವೆಲ್ಲ ನಾಲಗೆಯಲ್ಲಿದೆ. ರಾಜಕುಮಾರ ಫರ್ಡಿನೆಂಡನನ್ನು ಕೊಂದರೆಂದು ಮನೆಗೆಲಸದಾಕೆ ಬಂದು ಹೇಳಿದಾಗ, ಯಾವ ಫರ್ಡಿನೆಂಡ್ ಎಂದು ತನಗೆ ಗೊತ್ತಿರುವ ಇಬ್ಬರು ಫರ್ಡಿನೆಂಡರನ್ನು ಅವನು ಎಣಿಸುವುದರಿಂದ ಕಾದಂಬರಿ ಆರಂಭವಾಗುತ್ತದೆ. ಆ ಮಾತಿನಲ್ಲಿ ಚಕ್ರಾಧಿಪತ್ಯದ ಯುವರಾಜನೂ ಬೀದಿಯ ಬಡವನೂ ಸಮನಾಗಿ ನಿಲ್ಲುತ್ತಾರೆ. ಇದನ್ನು ಮೂಕಚಿತ್ರದಲ್ಲಿ ತೋರಿಸುವುದು ಹೇಗೆ? ತೆರೆಯ ಮೇಲೆ ಅಕ್ಷರದ ಫಲಕವನ್ನು ಹಾಕಬಹುದು. ಆದರೆ ಒಂದು ಫಲಕಕ್ಕೆ ಹತ್ತಿಪ್ಪತ್ತು ಶಬ್ದಗಳು ಹಿಡಿದರೆ ಹೆಚ್ಚು. ಶ್ವೆಯ್ಕನ ಒಂದು ಹರಟೆಗೆ ಎರಡು ಪುಟ ಬೇಕು. ಎಲ್ಲವನ್ನೂ ಅಚ್ಚುಮಾಡಿ ತೋರಿಸಿದರೆ ಅದು ಚಿತ್ರವಲ್ಲ, ಗೋಡೆಗೆ ಅಂಟಿಸಿದ ಪುಸ್ತಕ. ಬಿಟ್ಟರೆ ಶ್ವೆಯ್ಕನೇ ಇಲ್ಲ.

ಮಾತನ್ನು ಕಳೆದ ಮೇಲೆ ಪಾತ್ರದಲ್ಲಿ ಉಳಿಯುವುದೇನೆಂಬುದನ್ನು ಇಲ್ಲಿ ವಿಚಾರಿಸಬೇಕು. ಉಳಿಯುವುದು ಕೇಳುವ ಮುಖ. ಶ್ವೆಯ್ಕನು ಎಷ್ಟು ಮಾತಾಡುವನೋ ಅದಕ್ಕಿಂತ ಹೆಚ್ಚಾಗಿ ಬೈಗಳನ್ನು ಕೇಳುತ್ತಾನೆ. ಪೋಲೀಸರು, ವೈದ್ಯರು, ನ್ಯಾಯಾಧೀಶರು, ಪಾದ್ರಿ, ಲೆಫ್ಟಿನೆಂಟ್, ಕರ್ನಲ್, ಎಲ್ಲರೂ ಅವನ ಎದುರಿಗೆ ನಿಂತು ಕೂಗುತ್ತಾರೆ. ಮೂಕಚಿತ್ರದಲ್ಲಿ ಆ ಕೂಗು ಕೇಳಿಸುವುದಿಲ್ಲ. ಬಾಯಿಗಳು ತೆರೆದು ಮುಚ್ಚುವುದಷ್ಟೇ ಕಾಣುತ್ತದೆ. ಅಧಿಕಾರದ ಗರ್ಜನೆಯಿಂದ ಶಬ್ದವನ್ನು ತೆಗೆದರೆ ಉಳಿಯುವುದು ಮೀನಿನ ಬಾಯಿ. ಅದರ ಎದುರಿಗೆ, ಸೆಟೆದು ನಿಂತು, ಟೋಪಿಯ ಅಂಚಿಗೆ ಕೈ ಹಚ್ಚಿ, ಅಲುಗದೆ ಪ್ರಸನ್ನವಾಗಿರುವ ಒಂದು ಮುಖ. ಕಾದಂಬರಿಯಲ್ಲಿ ಮೇಲಧಿಕಾರಿಗಳ ಕೋಪ ಹುಚ್ಚಿನ ಮಟ್ಟಕ್ಕೇರುವುದು ಈ ಮುಖವನ್ನು ನೋಡಿಯೇ: ಇವನು ಮೂಢನೋ, ಮೋಸಗಾರನೋ? ನಟನು ಈ ಪ್ರಶ್ನೆಗೆ ಉತ್ತರ ಕೊಡಬಾರದು. ಒಮ್ಮೆ ಕಣ್ಣುಮಿಟುಕಿಸಿ 'ನಾನು ಜಾಣ' ಎಂದು ಪ್ರೇಕ್ಷಕರಿಗೆ ಸೂಚಿಸಿದನೋ, ಪಾತ್ರ ಸತ್ತಿತು. ಬಾಯಿ ಜೋಲುಬಿಟ್ಟು ಪೆದ್ದನಾದನೋ, ಆಗಲೂ ಸತ್ತಿತು. ನಮ್ಮ ಬಯಲಾಟದ ಕೋಡಂಗಿ ತಾನು ನಗಿಸುತ್ತಿದ್ದೇನೆಂಬುದನ್ನು ಮರೆಮಾಚುವುದಿಲ್ಲ. ಇಲ್ಲಿಯ ಕಟ್ಟು ಅದಕ್ಕೆ ವಿರುದ್ಧ. ಮೈಯನ್ನು ಬಳಸಿ ನಗಿಸುವುದಕ್ಕೆ ಆ ಕಾಲದಲ್ಲಿ ಅಮೆರಿಕದ ಚಿತ್ರಗಳ ಮೇಲ್ಪಂಕ್ತಿ ಎದುರಿಗೇ ಇತ್ತು. ಜಾರುವುದು, ಬೀಳುವುದು, ಓಡುವುದು ಎಲ್ಲರಿಗೂ ಬೇಕಾದ ಸರಕು. ನಿಂತಲ್ಲಿಯೇ ನಿಂತು ನಗಿಸುವುದು ಅಪರೂಪ. ಮೇಜುಗಳ ನಡುವಣ ಸಣ್ಣ ವೇದಿಕೆಗಳಲ್ಲಿ ಬೆಳೆದ ಪ್ರಾಗಿನ ಕಲೆ ಇಲ್ಲಿ ಕೆಲಸಕ್ಕೆ ಬಂದಿತೆಂದು ನನ್ನ ಅಭಿಪ್ರಾಯ. ಜೊತೆಗೆ ಇನ್ನೊಂದು ಅನುಕೂಲವೂ ಇತ್ತು. ಪ್ರೇಕ್ಷಕರಲ್ಲಿ ಅನೇಕರಿಗೆ ಶ್ವೆಯ್ಕನ ಮಾತುಗಳು ಬಾಯಿಗೆ ಬರುತ್ತಿದ್ದುವು. ನಟನ ತುಟಿ ಅಲುಗಿದೊಡನೆ ಮಾತನ್ನು ಅವರು ತಮ್ಮೊಳಗೆ ತುಂಬಿಕೊಳ್ಳಬಹುದಾಗಿತ್ತು. ಕಥೆ ಗೊತ್ತಿದ್ದವರಿಗೆ ಬೊಂಬೆಯಾಟದ ಬೊಂಬೆಯೂ ಮಾತಾಡುತ್ತದಷ್ಟೆ.

ಚಿತ್ರಕ್ಕೆ ಬೆನ್ನುಬೆನ್ನಿಗೆ ಮುಂದಿನ ಕಂತುಗಳು ಬಂದುವೆಂಬುದರಿಂದಲೇ ಅದರ ಗೆಲವನ್ನು ಊಹಿಸಬಹುದು. ಅದೇ ೧೯೨೬ರಲ್ಲಿ ಲಮಾಚನೇ 'ಯುದ್ಧರಂಗದಲ್ಲಿ ಶ್ವೆಯ್ಕ್' ಎಂಬ ಎರಡನೆಯದನ್ನು ತೆಗೆದನು. ಅದೇ ವರ್ಷ ಸ್ವಾತೊಪ್ಲುಕ್ ಇನ್ನೆಮನ್ ಎಂಬವನು 'ರಷ್ಯನರ ಸೆರೆಯಲ್ಲಿ ಶ್ವೆಯ್ಕ್' ಎಂಬ ಮೂರನೆಯದನ್ನು ತೆಗೆದನು. ಹಾಶೆಕನ ಕಾದಂಬರಿ ಸೆರೆಯ ಕಥೆಯವರೆಗೆ ಹೋಗಿರಲಿಲ್ಲ. ಆ ಭಾಗವನ್ನು ಅವನ ಮರಣಾನಂತರ ಕಾರೆಲ್ ವಾನ್ಯೆಕ್ ಎಂಬ ಪತ್ರಕರ್ತನು ಮುಂದುವರಿಸಿ ಬರೆದಿದ್ದನು. ೧೯೨೭ರಲ್ಲಿ ಗುಸ್ತಾವ್ ಮಖಾತಿ 'ಸಿವಿಲ್ ಬಾಳಿನಲ್ಲಿ ಶ್ವೆಯ್ಕ್' ಎಂಬ ನಾಲ್ಕನೆಯದನ್ನು ತೆಗೆದನು. ಈ ಮಖಾತಿಯೇ ಮುಂದೆ 'ಎರೊತಿಕೊನ್', 'ಎಕ್ಸ್ಟಸಿ' ಚಿತ್ರಗಳಿಂದ ಯೂರೋಪಿನಲ್ಲೆಲ್ಲ ಹೆಸರಾದವನು. ನಾಲ್ಕರಲ್ಲಿಯೂ ಶ್ವೆಯ್ಕ್ ನೊಲ್ಲನೇ. ಆದರೆ ಶ್ವೆಯ್ಕನನ್ನು ಸೈನ್ಯದಿಂದ ಬಿಡಿಸಿ ಸಿವಿಲ್ ಬಾಳಿಗೆ ತಂದರೆ ಅವನಿಗೆ ಅಪ್ಪಣೆ ಕೊಡುವವರಾರು? ಅಪ್ಪಣೆಯಿಲ್ಲದ ಮೇಲೆ ಪಾಲಿಸುವ ವಿನೋದವೆಲ್ಲಿ? ಕಬ್ಬಿನ ಜಲ್ಲೆಯನ್ನು ನಾಲ್ಕನೆಯ ಸಲ ಗಾಣಕ್ಕೆ ಕೊಟ್ಟಂತೆ. ಗಲ್ಲಾಪೆಟ್ಟಿಗೆಯ ತರ್ಕ ಎಲ್ಲ ದೇಶಗಳಲ್ಲಿಯೂ ಒಂದೇ.

ಎಲ್ಲರೂ ನಕ್ಕರೆಂದು ತಿಳಿಯಬಾರದು. ಹೊಸ ಗಣರಾಜ್ಯಕ್ಕೆ ವೀರರು ಬೇಕಾಗಿದ್ದರು. ರಷ್ಯದಲ್ಲಿ, ಇಟಲಿಯಲ್ಲಿ, ಫ್ರಾನ್ಸಿನಲ್ಲಿ ಆಸ್ಟ್ರಿಯದ ವಿರುದ್ಧ ಹೋರಾಡಿದ ಸ್ವಯಂಸೇವಕ ಪಡೆಯ ಯೋಧರು ಆ ವೀರರು. ಪಾಠಪುಸ್ತಕಗಳಲ್ಲಿ ಅವರ ಕಥೆ ಬರಬೇಕಾಗಿತ್ತು. ಅಂಥ ಹೊತ್ತಿನಲ್ಲಿ ಚುಂಗಾಣಿ ಸೇದುತ್ತ ಯುದ್ಧಭೂಮಿಗೆ ತಪ್ಪುದಾರಿಯಲ್ಲಿ ನಡೆದುಹೋಗುವವನು ರಾಷ್ಟ್ರದ ಪ್ರತಿನಿಧಿಯಾಗಬಹುದೇ? ವಿಕ್ತೊರ್ ದಿಕ್ ಎಂಬ ದೊಡ್ಡ ಕವಿ, ಆಸ್ಟ್ರಿಯದ ಕಾಲದಲ್ಲಿ ಸೆರೆಮನೆ ಕಂಡ ದೇಶಭಕ್ತನು, ಶ್ವೆಯ್ಕನ ಆದರ್ಶವನ್ನು ಕಟುವಾಗಿ ಖಂಡಿಸಿ ಬರೆದನು. ೧೯೨೫ರಲ್ಲಿ ಜೆಕೊಸ್ಲೊವಾಕ್ ಸೈನ್ಯದ ಗ್ರಂಥಾಲಯಗಳಿಂದ ಆ ಪುಸ್ತಕವನ್ನು ಹೊರಗಿಡಲಾಯಿತು. ೧೯೩೩ರಲ್ಲಿ ಜರ್ಮನಿಯ ನಾಜಿಗಳು ಅದರ ಜರ್ಮನ್ ಅನುವಾದವನ್ನು ಬೆಂಕಿಗೆ ಹಾಕಿದರು. ಹಳೆಯ ಚಕ್ರಾಧಿಪತ್ಯವನ್ನು ನಗೆಗೀಡುಮಾಡಿದ ಪುಸ್ತಕ ಹೊಸ ಸೈನ್ಯಕ್ಕೂ ರುಚಿಸಲಿಲ್ಲವೆಂಬುದು ಹಾಶೆಕನಿಗೆ ತಿಳಿದಿದ್ದರೆ ಅವನು ಇನ್ನೊಂದು ಅಧ್ಯಾಯ ಬರೆಯುತ್ತಿದ್ದನು. ದಿಕ್ ಕವಿಯ ಸಂಕಟವನ್ನು ನಾನು ಲಘುವಾಗಿ ಕಾಣುವುದಿಲ್ಲ. ತನ್ನ ಜನ ತಲೆಯೆತ್ತಿ ನಿಲ್ಲಬೇಕೆಂದು ಜೀವಮಾನವೆಲ್ಲ ಹಂಬಲಿಸಿದವನಿಗೆ, ತಲೆ ತಗ್ಗಿಸಿ ಪಾರಾಗುವವನು ನಾಯಕನಾದರೆ ನೋವಾಗುವುದು ಸಹಜ. ಆದರೆ ತಲೆಯೆತ್ತಿ ನಿಲ್ಲಲಾಗದ ಲಕ್ಷಾಂತರ ಮಂದಿ ಚಿತ್ರಮಂದಿರದ ಕತ್ತಲಲ್ಲಿ ನೊಲ್ಲನ ಮುಖದಲ್ಲಿ ತಮ್ಮ ನಾಲ್ಕು ವರ್ಷಗಳನ್ನು ಗುರುತಿಸಿದ್ದರೆ ಅದನ್ನೂ ಸುಳ್ಳೆನ್ನಲಾಗದು. ಯುದ್ಧ ಮುಗಿದು ಆಗ ಎಂಟೇ ವರ್ಷ ಕಳೆದಿದ್ದುವು. ನೋಡಿದವರಲ್ಲಿ ಎಷ್ಟೋ ಮಂದಿ ಅದೇ ಟೋಪಿಯನ್ನು ತೊಟ್ಟಿದ್ದವರು.

ಒಂದು ಪಾತ್ರ ನಟನಿಗೆ ಅನ್ನ ಕೊಡುತ್ತದೆ. ಕೆಲವೊಮ್ಮೆ ಅವನನ್ನೇ ನುಂಗುತ್ತದೆ. ಅನೇಕ ವೇಷಗಳಲ್ಲಿ ಗುರುತು ಸಿಗದಂತೆ ಬೆರೆತುಹೋಗುವುದು ಪೋಷಕನಟನ ಹೆಮ್ಮೆ. ನೊಲ್ಲನಿಗೆ ಆ ಮರೆ ಇಲ್ಲವಾಯಿತು. ಯಾವ ವೇಷದಲ್ಲಿ ಬಂದರೂ ಶ್ವೆಯ್ಕನೇ ಬಂದನೆನ್ನುವಂಥ ಸ್ಥಿತಿ. ಮುಂದೆ ಅವನು ಇದರಿಂದ ಬಿಡಿಸಿಕೊಳ್ಳುತ್ತಿದ್ದನೋ ಇಲ್ಲವೋ, ಕಾಲ ಆ ಅವಕಾಶವನ್ನು ಕೊಡಲಿಲ್ಲ. ೧೯೨೮ರ ಆರಂಭದಲ್ಲಿ, ನಲವತ್ತೇಳನೆಯ ವಯಸ್ಸಿನಲ್ಲಿ, ಅವನು ಪ್ರಾಗಿನಲ್ಲಿ ತೀರಿಕೊಂಡನು. ಅದೇ ವರ್ಷ ಜನವರಿಯಲ್ಲಿ ಬರ್ಲಿನ್ನಿನಲ್ಲಿ ಎರ್ವಿನ್ ಪಿಸ್ಕಾಟರನು ಶ್ವೆಯ್ಕನನ್ನು ರಂಗಕ್ಕೆ ತಂದಿದ್ದನು. ಗೆಯೊರ್ಗ್ ಗ್ರೋಸನ ವ್ಯಂಗ್ಯಚಿತ್ರಗಳು ತೆರೆಯ ಮೇಲೆ ಮೂಡುತ್ತಿರಲು, ಮಾಕ್ಸ್ ಪಾಲೆನ್‌ಬರ್ಗ್ ಎಂಬ ಪ್ರಸಿದ್ಧ ನಟನು ಹಿಂದಕ್ಕೆ ಸರಿಯುವ ಯಾಂತ್ರಿಕ ಪಟ್ಟಿಯ ಮೇಲೆ ಮುಂದಕ್ಕೆ ನಡೆಯುತ್ತ, ಎಷ್ಟು ನಡೆದರೂ ಇದ್ದಲ್ಲಿಯೇ ಇರುವ ಶ್ವೆಯ್ಕನನ್ನು ತೋರಿಸಿದನು. ರಂಗಕಲೆಯ ಚರಿತ್ರೆಯನ್ನು ಬರೆಯುವವರು ಆ ಪ್ರದರ್ಶನವನ್ನು ಬಿಡದೆ ಹೇಳುತ್ತಾರೆ. ಏಳು ವರ್ಷ ಮೊದಲು ಪ್ರಾಗಿನ ಸಣ್ಣ ರಂಗದ ಮೇಲೆ, ಯಾವ ಯಂತ್ರವೂ ಇಲ್ಲದೆ, ಅದೇ ಪಾತ್ರವನ್ನು ಮೊದಲು ನಿಲ್ಲಿಸಿದವನನ್ನು ಹೇಳುವವರು ಕಡಿಮೆ. ದೊಡ್ಡ ಭಾಷೆಯಲ್ಲಿ ನಡೆದದ್ದಕ್ಕೆ ದಾಖಲೆ ಹೆಚ್ಚು.

ನೊಲ್ಲನು ಸತ್ತ ಎರಡು ವರ್ಷಕ್ಕೆ, ೧೯೩೦ರಲ್ಲಿ, ಜೆಕ್ ವಾಕ್ಚಿತ್ರ ಬಂದಿತು. ಹೀಗಾಗಿ ಚಲಚ್ಚಿತ್ರದಲ್ಲಿ ಅವನ ಧ್ವನಿ ಒಮ್ಮೆಯೂ ಕೇಳಿಸಲಿಲ್ಲ. ಮಾತು ಬಂದುದರಿಂದ ಕೆಲವರು ಉಳಿದರು, ಕೆಲವರು ಕೆಟ್ಟರು. ಲಮಾಚನ ಚಿತ್ರಗಳ ನಾಯಕಿಯಾಗಿದ್ದ ಆನ್ನಿ ಒಂದ್ರಾ ಲಂಡನ್ನಿಗೆ ಹೋಗಿ ೧೯೨೯ರಲ್ಲಿ ಹಿಚ್‌ಕಾಕನ 'ಬ್ಲ್ಯಾಕ್‌ಮೇಲ್' ಚಿತ್ರದಲ್ಲಿ ನಟಿಸಿದಳು. ಅವಳ ಇಂಗ್ಲಿಷ್ ಉಚ್ಚಾರಣೆ ಇಂಗ್ಲಿಷರಿಗೆ ಒಗ್ಗದೆಂದು, ಅವಳು ಬರಿದೆ ತುಟಿ ಅಲುಗಿಸುತ್ತಿರುವಾಗ ಕ್ಯಾಮರದ ಮರೆಯಲ್ಲಿ ನಿಂತು ಬೇರೊಬ್ಬ ನಟಿ ಮಾತುಗಳನ್ನು ನುಡಿಯಬೇಕಾಯಿತು. ಶ್ವೆಯ್ಕನಿಗಾದರೋ ವಾಕ್ಚಿತ್ರವೆಂದರೆ ಕಳೆದ ನಾಲಗೆ ಮರಳಿ ಬಂದಂತೆ. ೧೯೩೧ರಲ್ಲಿ ಮಾರ್ತಿನ್ ಫ್ರಿಚ್ ತೆಗೆದ ಚಿತ್ರದಲ್ಲಿ ಸಾಶಾ ರಾಶಿಲೊವ್ ಎಂಬ ನಟನು ಶ್ವೆಯ್ಕನಾಗಿ ಮಾತಾಡಿದನು. ೧೯೫೬ ಮತ್ತು ೧೯೫೭ರಲ್ಲಿ ಕಾರೆಲ್ ಸ್ತೆಕ್ಲಿ ತೆಗೆದ ಎರಡು ವರ್ಣಚಿತ್ರಗಳಲ್ಲಿ ರುದೊಲ್ಫ್ ಹ್ರುಶೀನ್ಸ್ಕಿ ಆ ಪಾತ್ರವನ್ನು ಧರಿಸಿದನು. ಇಂದಿನ ಜೆಕ್ ಜನರ ಮನಸ್ಸಿನಲ್ಲಿರುವ ಶ್ವೆಯ್ಕ್ ಬಹುಮಟ್ಟಿಗೆ ಅವನೇ. ಈ ನಡುವೆ ಯಿರ್ಝಿ ತ್ರಂಕಾ ಎಂಬ ಬೊಂಬೆಯಾಟದ ಮಹಾಶಿಲ್ಪಿ ೧೯೫೪-೫೫ರಲ್ಲಿ ಶ್ವೆಯ್ಕನ ಕಥೆಗಳನ್ನು ಬೊಂಬೆಗಳ ಚಿತ್ರವಾಗಿಸಿದನು. ಲಾದಾನ ರೇಖೆಗಳನ್ನು ಅನುಸರಿಸಿ ಮಾಡಿದ ಬೊಂಬೆ. ಅದಕ್ಕೆ ಯಾನ್ ವೆರಿಖ್ ಎಂಬ ದೊಡ್ಡ ನಟನ ಕಂಠ. ಮುಖ ಅಲುಗುವುದಿಲ್ಲ, ಮಾತು ನಿಲ್ಲುವುದಿಲ್ಲ.

ನೊಲ್ಲನ ಚಿತ್ರಗಳನ್ನು ಮುದ್ರಿಸಿದ್ದು ಆ ಕಾಲದ ನೈಟ್ರೇಟ್ ಫಿಲ್ಮಿನ ಮೇಲೆ. ಅದು ಬಹುಬೇಗ ಬೆಂಕಿ ಹಿಡಿಯುವ ವಸ್ತು. ಬೆಂಕಿಯಿಂದ ಉಳಿದರೂ ವರ್ಷಗಳು ಕಳೆದಂತೆ ತಾನೇ ಕೊಳೆತು ಪುಡಿಯಾಗುತ್ತದೆ. ವಾಕ್ಚಿತ್ರ ಬಂದ ಮೇಲೆ ಮೂಕಚಿತ್ರಗಳ ಪ್ರತಿಗಳನ್ನು ಎಲ್ಲ ದೇಶಗಳಲ್ಲಿಯೂ ಕಸವೆಂದು ಎಸೆದರು; ಅವುಗಳಿಂದ ಬೆಳ್ಳಿಯನ್ನು ತೆಗೆದು ಮಾರಿದವರೂ ಉಂಟು. ಪ್ರಾಗಿನಲ್ಲಿ ಫಿಲ್ಮುಗಳ ರಕ್ಷಣೆಗೆ ಒಂದು ಭಂಡಾರ ಏರ್ಪಟ್ಟದ್ದು ೧೯೪೩ರಲ್ಲಿ, ನೊಲ್ಲನು ಸತ್ತು ಹದಿನೈದು ವರ್ಷಗಳಾದ ಮೇಲೆ. ಅದರ ಚಿತ್ರಮಂದಿರಕ್ಕೆ ಈಗಲೂ ಆ ಹಳೆಯ ಇಂದ್ರಜಾಲಗಾರ ಪೊನ್ರೆಪೊನ ಹೆಸರೇ ಇದೆ.